ಒಲೆಯ ಹಿಂದಿನ ಘಟಸರ್ಪ

ಘಟಸರ್ಪದ ಕಥೆ ಅಂದ ಕೂಡಲೇ ಕೇಳುವವರ ಕಣ್ಣು ಕತ್ತಿ ಹುಡುಕುತ್ತದೆ. ಈ ಕಥೆಯಲ್ಲಿ ಕತ್ತಿ ಇಲ್ಲ. ಗಂಜಿ ಇದೆ, ಗೋಧಿಯ ಚೀಲ ಇದೆ, ಹಿಡಿದುಕೊಂಡ ಸೊಂಟ ಇದೆ. ಇಷ್ಟಾದರೂ ಕೇಳುವ ಮನಸ್ಸಿದ್ದರೆ ಕೂತುಕೊಳ್ಳಿ.

ಜರ್ಮನ್ ಸೀಮೆಯಲ್ಲಿ, ನದಿಯ ದಡದ ಒಂದು ಗುಡ್ಡದ ಮೇಲೆ ವಿಗಾಂಡ್ ಎಂಬ ಗುರುಗಳ ಆಶ್ರಮ. ಆಶ್ರಮ ಅಂದರೆ ಏನು ಮಹಾ, ಒಂದು ಕಲ್ಲಿನ ಕೋಣೆ, ಒಂದು ಒಲೆ, ಮೇಲೆ ಹೊಗೆಗೂಡು. ಪ್ರಾಯದಲ್ಲಿ ಅವರು ಘಟಸರ್ಪ ಕೊಂದವರು ಅಂತ ಸುತ್ತಮುತ್ತ ಹೆಸರಾಗಿತ್ತು.

ಆ ಹೆಸರು ಕೇಳಿಕೊಂಡೇ ಓಟ್ಮಾರ್ ಬಂದ. ಊರಲ್ಲಿ ಬಂಡಿ ಹೊಡೆಯುತ್ತಿದ್ದ ಗಟ್ಟಿಮುಟ್ಟಾದ ಆಳು. ಬಂಡಿಯನ್ನು ಅಂಗಳದಲ್ಲಿ ಬಿಟ್ಟು ಹೊಸ್ತಿಲಲ್ಲೇ ನಿಂತು ಕೇಳಿದ.

“ಗುರುಗಳೇ, ಘಟಸರ್ಪ ಕೊಲ್ಲೋದು ನನಗೆ ಕಲಿಸ್ತೀರಾ?”

“ಗಂಜಿ ಆರಿಸೋದು ಬರುತ್ತಾ?” ಎಂದರು ಗುರುಗಳು.

ಓಟ್ಮಾರ್‌ಗೆ ನಗು ಬಂತು. ಗಂಜಿ ಆರಿಸುವುದರಲ್ಲಿ ಕಲಿಯೋದೇನಿದೆ?

ಆ ನಗು ಸಂಜೆಯವರೆಗೆ ಉಳಿಯಿತು. ಸಂಜೆಗೆ ನದಿಯ ಮೇಲಿಂದ ಒಂದು ಬೆಂಕಿ ಹಾರಿಬಂತು. ಬಂಡಿಯ ಮೂಕಿಯಷ್ಟು ಉದ್ದ, ಮುಂದೆ ತಲೆ, ಹಿಂದೆ ಕಿಡಿ ಉದುರಿಸುವ ಬಾಲ. ಆಶ್ರಮದ ಮೇಲೆ ಒಂದು ಸುತ್ತು ಹಾಕಿ ಹೊಗೆಗೂಡಿನೊಳಗೆ ಇಳಿಯಿತು. ಓಟ್ಮಾರ್ ಮೂಲೆಗೆ ಹೋಗಿ ಕುಕ್ಕರುಗಾಲಲ್ಲಿ ಕೂತ.

ಒಲೆಯ ಹಿಂದೆ ಧೊಪ್ಪನೆ ಒಂದು ಗೋಧಿಯ ಚೀಲ ಬಿತ್ತು. ಅದರ ಮೇಲೆ ಮಳೆಯಲ್ಲಿ ನೆನೆದ ಕಪ್ಪು ಕೋಳಿಯ ಹಾಗೆ ಏನೋ ಒಂದು ಕೂತಿತ್ತು. ಉಸಿರು ಬಿಟ್ಟಾಗ ಮೂಗಿನಿಂದ ಬೆಂಕಿಯ ನಾಲಗೆ ಬರುತ್ತಿತ್ತು.

“ಹೆದರಬೇಡ,” ಎಂದರು ಗುರುಗಳು. “ಹಸಿದಿದೆ.”

ಆ ಸೀಮೆಯ ಜನ ಹೇಳುವ ಪ್ರಕಾರ ಘಟಸರ್ಪಗಳಲ್ಲಿ ಎರಡು ಬಗೆ. ಒಂದು ಗುಹೆಯಲ್ಲಿ ಚಿನ್ನ ಕಾಯುತ್ತಾ ಮಲಗುವಂಥದು. ಅದು ರಾಜರಿಗೆ, ವೀರರಿಗೆ. ಇನ್ನೊಂದು ಮನೆ ಸೇರಿಕೊಳ್ಳುವಂಥದು. ಅದಕ್ಕೆ ಡ್ರಾಕ್ ಅಂತಾರೆ. ನಮ್ಮ ನಿಮ್ಮಂಥವರ ಪಾಲಿಗೆ ಬರೋದು ಇದೇ.

ಡ್ರಾಕ್ ಸೇರಿದ ಮನೆಯವರು ದಿನಾ ಅದಕ್ಕೆ ಬರಗಿನ ಗಂಜಿ ಇಡಬೇಕು. ಮನೆಯವರು ಉಣ್ಣುವ ಮೊದಲೇ ಇಡಬೇಕು. ಬದಲಿಗೆ ಅದು ಸಂಜೆ ಸಂಜೆ ಕಾಳು ತಂದು ಸುರಿಯುತ್ತದೆ. ಎಲ್ಲಿಂದ? ಪಕ್ಕದವರ ಕಣಜದಿಂದ. ಅದಕ್ಕೆ ತನ್ನದು ಅಂತ ಹೊಲ ಎಲ್ಲಿದೆ?

ಗಂಜಿ ಮಾತ್ರ ಸರಿಯಾಗಿ ಆರಿರಬೇಕು. ಬಾಯಿ ಸುಟ್ಟರೆ ಅದು ಮನೆಯನ್ನೇ ಸುಟ್ಟು ಹೋಗುತ್ತದೆ.

“ಬೆಂಕಿ ಉಗುಳೋ ಪ್ರಾಣಿಗೆ ಗಂಜಿ ಸುಡೋದು ಹೇಗೆ ಗುರುಗಳೇ?” ಓಟ್ಮಾರ್ ಕೇಳಿದ.

“ಬೈಯೋನಿಗೂ ಬೈಗುಳ ಚುಚ್ಚುತ್ತಲ್ಲಪ್ಪಾ,” ಎಂದರು ಗುರುಗಳು, ಸೌಟು ಆಡಿಸುತ್ತಾ.

ಬೆಳಗಾಯಿತು. ಡ್ರಾಕ್ ಹಾರಿಹೋಗಿತ್ತು. ಓಟ್ಮಾರ್ ಚೀಲದ ಕಡೆ ನೋಡಿ ಕೈ ಉಜ್ಜಿಕೊಂಡ. “ಇವತ್ತು ರೊಟ್ಟಿ ಸುಡೋಣವಾ ಗುರುಗಳೇ?”

“ಚೀಲದ ಗಂಟು ನೋಡು,” ಎಂದರು ಗುರುಗಳು.

ಪ್ರತಿ ಮನೆಯವರೂ ಚೀಲದ ಬಾಯಿಗೆ ತಮ್ಮದೇ ಥರ ಗಂಟು ಹಾಕುತ್ತಿದ್ದರು. ಇದು ನದಿಯಾಚೆ ಕುರಿಕಾಯುವವರ ಮನೆಯದು. ಗುರುಗಳು ಅದನ್ನು ಬೆನ್ನಿಗೆ ಏರಿಸಿಕೊಂಡರು. ಗುಡ್ಡ ಇಳಿದರು. ದೋಣಿಯಲ್ಲಿ ನದಿ ದಾಟಿದರು. ಬಿಸಿಲು ನೆತ್ತಿಗೇರುವ ಹೊತ್ತಿಗೆ ಕುರಿಯವರ ಹಟ್ಟಿಯಲ್ಲಿ ಚೀಲ ಇಳಿಸಿದರು.

“ನಿಮ್ಮ ಗೋಧಿ ಬಂದುಬಿಟ್ಟಿತ್ತು,” ಎಂದರು.

ಕುರಿಯವರ ಹೆಂಗಸು ಏನೂ ಕೇಳದೆ ಒಂದು ಬೊಗಸೆ ಬರಗು ಅವರ ಜೋಳಿಗೆಗೆ ಹಾಕಿದಳು. ತಂದುಕೊಟ್ಟವರಿಗೆ ಒಂದು ಬೊಗಸೆ, ಅದು ಅಲ್ಲಿ ನಡೆದುಬಂದಿತ್ತು. ಆ ಸಂಜೆ ಡ್ರಾಕ್‌ಗೆ ಬೆಂದದ್ದು ಆ ಬರಗೇ. ಉಳಿದ ತಿಳಿ ಗಂಜಿ ಗುರು ಶಿಷ್ಯರಿಗೆ.

ಹೀಗೆ ಓಟ್ಮಾರ್‌ನ ಪಾಠ ಶುರುವಾಯಿತು. ಶುರುವಾದದ್ದು ಅಲ್ಲೇ ನಿಂತೂಬಿಟ್ಟಿತು. ಸಂಜೆ ಗಂಜಿ, ಬೆಳಗ್ಗೆ ಚೀಲ. ವರ್ಷ ವರ್ಷವೂ ಮಳೆ ಬಂತು, ಹಿಮ ಬಿತ್ತು, ಮತ್ತೆ ಬಿಸಿಲು ಬಂತು. ಸಂಜೆ ಗಂಜಿ, ಬೆಳಗ್ಗೆ ಚೀಲ. ಹೇಳುವ ನನಗೇ ಸಾಕಾಗುತ್ತದೆ, ಹೊತ್ತವನ ಪಾಡು ನೀವೇ ನೋಡಿ.

ಎಲ್ಲರೂ ಕುರಿಯವರ ಹಾಗೆ ಇರಲಿಲ್ಲ. ಕೆಲವರು ಚೀಲ ತೂಗಿ ನೋಡಿ ಮುಖ ಸಿಂಡರಿಸುತ್ತಿದ್ದರು. “ಕದ್ದವನೇ ತಂದುಕೊಟ್ಟ, ಎಂಥ ಉಪಕಾರ,” ಅನ್ನುವವರಿದ್ದರು. ನಾಯಿ ಬಿಟ್ಟವರೂ ಇದ್ದರು.

ಓಟ್ಮಾರ್‌ಗೆ ಎಲ್ಲಕ್ಕಿಂತ ಕಷ್ಟವಾಗುತ್ತಿದ್ದುದು ಬೇರೆ. ನದಿಯಾಚೆ ಊರಲ್ಲಿ ಅವನ ತಂಗಿ ಗೆರ್ಲಿಂಡ್ ಇದ್ದಳು. ಗಂಡ ತೀರಿಕೊಂಡಿದ್ದ, ಮಕ್ಕಳು ಚಿಕ್ಕವು. ಚೀಲ ಹೊತ್ತು ಅವಳ ಮನೆ ಮುಂದೆಯೇ ಹೋಗಬೇಕಿತ್ತು. ಅವಳು ಬಾಗಿಲಲ್ಲಿ ನಿಂತು ಚೀಲ ನೋಡುತ್ತಿದ್ದಳು, ಕೇಳುತ್ತಿರಲಿಲ್ಲ. ಕೇಳಿದ್ದರೆ ಬೈದಾದರೂ ಮುಂದೆ ಹೋಗಬಹುದಿತ್ತು. ಕೇಳದೆ ನಿಂತವಳ ಮುಂದೆ ಅವನು ಚೀಲವನ್ನು ಮುಖಕ್ಕೆ ಅಡ್ಡವಾಗಿ ಹೊತ್ತು ದಾಟುತ್ತಿದ್ದ.

ಒಂದು ದಿನ ಅವನು ಗಂಜಿಯ ಮುಂದೆ ಸೌಟು ಹಿಡಿದೇ ತೂಕಡಿಸಿದ. ಎಚ್ಚರಾದಾಗ ಕೇಳಿಯೇಬಿಟ್ಟ.

“ಗುರುಗಳೇ, ನಿಮಗೆ ಇದನ್ನ ಕೊಲ್ಲೋಕೆ ಬರುತ್ತಲ್ಲ?”

“ಬರುತ್ತೆ.”

“ಹಾಗಾದ್ರೆ?”

“ಕೊಲ್ಲೋದು ಬರುತ್ತೆ. ಆಮೇಲೆ ಏನು ಮಾಡೋದು ಅನ್ನೋದು ಬರಲ್ಲ.”

ಗುರುಗಳು ಒಲೆಗೆ ಕಟ್ಟಿಗೆ ಸರಿಸಿದರು.

“ಗುಹೆಯಲ್ಲಿದ್ದ ಒಂದನ್ನ ಕೊಂದೆ,” ಎಂದರು. “ಊರಿಗೆ ಊರೇ ನನ್ನ ಹೊತ್ತು ಮೆರೆಸಿತು. ಆ ಗದ್ದಲದಲ್ಲಿ ಗುಹೆಯ ಚಿನ್ನ ನೋಡಿಕೊಳ್ಳೋಕೆ ನಮ್ಮಣ್ಣ ಹೋದ. ಇವತ್ತೊಂದು ದಿನ ಕಾಯ್ತೀನಿ ಅಂತ ಅದರ ಮೇಲೆ ಮಲಗಿದ. ಏಳಲಿಲ್ಲ.”

“ಸತ್ತುಹೋದ್ರಾ?”

“ಸತ್ತಿದ್ದರೆ ಚೆನ್ನಾಗಿತ್ತು. ಮೈಮೇಲೆ ಪೊರೆ ಬಂತು. ಬಾಯಲ್ಲಿ ಬೆಂಕಿ ಬಂತು. ಕೊಲ್ಲು ಬಾ ಅಂತ ಊರವರು ಮತ್ತೆ ನನ್ನನ್ನೇ ಕರೆದರು.”

“ಹೋದ್ರಾ?”

“ಇಲ್ಲ. ಬೇರೆಯವನು ಹೋದ. ಅವನಿಗೂ ಒಬ್ಬ ಅಣ್ಣ ಇದ್ದ.”

ಗಂಜಿ ಆರಿತ್ತು. ಗುರುಗಳು ಬಟ್ಟಲನ್ನು ಒಲೆಯ ಹಿಂದೆ ಸರಿಸಿದರು.

“ಈ ಡ್ರಾಕ್ ಮುಂಚೆ ಯಾರ ಮನೇಲಿತ್ತು ಗುರುಗಳೇ?”

“ಒಂದು ಸುಟ್ಟುಹೋದ ಮನೇಲಿ.”

“ಮತ್ತೆ ಇಂಥದ್ದನ್ನ ಯಾಕೆ ಸಾಕ್ತೀರಿ?”

“ಕಣ್ಣೆದುರಿಗಿದ್ದರೆ ಕಾಣುತ್ತೆ,” ಎಂದರು ಗುರುಗಳು. ಅಷ್ಟು ಹೇಳಿ ಗೋಡೆಗೆ ಒರಗಿ ನಿದ್ದೆ ಹೋದರು.

ಇದೊಂದು ಉತ್ತರವಾ? ಓಟ್ಮಾರ್‌ಗೆ ಸಿಟ್ಟು ಬಂತು. ಸಿಟ್ಟು ಮಾಡಿಕೊಳ್ಳುವುದಕ್ಕೂ ತ್ರಾಣ ಇರಬೇಕಲ್ಲ, ಅವನೂ ಮಲಗಿದ.

ಆ ಚಳಿಗಾಲ ಕಳೆಯುವಷ್ಟರಲ್ಲಿ ಗುರುಗಳ ಮೈ ಇಳಿದುಹೋಯಿತು. ನೀವು ಕೂತಿರಿ, ನಾನೊಬ್ಬನೇ ಹೊರ್ತೀನಿ ಅಂತ ಓಟ್ಮಾರ್ ಎಷ್ಟು ಹೇಳಿದರೂ ಕೇಳುತ್ತಿರಲಿಲ್ಲ. ಚೀಲದ ಒಂದು ಕಿವಿಯನ್ನಾದರೂ ಹಿಡಿದುಕೊಂಡು ಜೊತೆಗೆ ಬರುತ್ತಿದ್ದರು.

ಒಂದು ಬೆಳಗ್ಗೆ ಇಳಿಜಾರಿನಲ್ಲಿ ಕಾಲು ಜಾರಿ ಬಿದ್ದರು. ಚೀಲ ಒಡೆದು ಗೋಧಿಯೆಲ್ಲ ಕೆಸರಾಯಿತು. ಇಬ್ಬರೂ ಮೊಣಕಾಲೂರಿ ಕಾಳು ಆರಿಸಿ, ತೊಳೆದು, ಒದ್ದೆ ಚೀಲವನ್ನೇ ಹೊತ್ತು ತಲುಪಿಸಿದರು. ಗೋಧಿಯ ಯಜಮಾನ ಕೆಸರು ನೋಡಿ ಗುರುಗಳಿಗೆ ಬಾಯಿಗೆ ಬಂದಂತೆ ಬೈದ. ಗುರುಗಳು ತಲೆ ತಗ್ಗಿಸಿ ಕೇಳಿಸಿಕೊಂಡರು. ಅವನು ಬೊಗಸೆ ಬರಗು ಕೊಡಲಿಲ್ಲ.

ವಾಪಸು ಬರುವಾಗ ದೋಣಿಯಲ್ಲಿ ಗುರುಗಳು ಕಾಲು ಹಿಡಿದುಕೊಂಡು ಕೂತಿದ್ದರು. ಓಟ್ಮಾರ್ ನೀರು ನೋಡುತ್ತಿದ್ದ.

ಸಾಕು, ಅನ್ನಿಸಿತು ಅವನಿಗೆ. ಇನ್ನು ಸಾಕು.

ಬಂಡಿ ಹೊಡೆಯುವವರಿಗೆಲ್ಲ ಗೊತ್ತಿದ್ದ ಒಂದು ಉಪಾಯ ಇತ್ತು. ಬಂಡಿಯ ಚಕ್ರ ಕಳಚಿ, ಒಳಮೈ ಹೊರಗಾಗುವಂತೆ ಮಗುಚಿ ಹೊಗೆಗೂಡಿನ ಬಾಯಿಗೆ ಇಟ್ಟರೆ ಡ್ರಾಕ್ ಆ ಮನೆಗೆ ಇಳಿಯುವುದಿಲ್ಲ. ಓಟ್ಮಾರ್ ಬರುವಾಗ ತಂದಿದ್ದ ಬಂಡಿ ಅಂಗಳದಲ್ಲಿ ಮುರಿದು ಬಿದ್ದಿತ್ತು. ಚಕ್ರ ಇನ್ನೂ ಗಟ್ಟಿಯಾಗಿತ್ತು.

ಸಂಜೆ ಗುರುಗಳು ಒಲೆಯ ಮುಂದೆ ಗಂಜಿ ಆರಿಸುತ್ತಿದ್ದಾಗ ಅವನು ಚಕ್ರ ಹೊತ್ತು ಮನೆಯ ಮಾಡಿನ ಮೇಲೆ ಹತ್ತಿ, ಹೊಗೆಗೂಡಿನ ಬಾಯಿಗೆ ಮಗುಚಿ ಹಿಡಿದ.

ಬೆಂಕಿ ಬಂತು. ಸುತ್ತು ಹಾಕಿತು. ಇಳಿಯಲು ನೋಡಿತು, ಆಗಲಿಲ್ಲ. ಮತ್ತೆ ಸುತ್ತು ಹಾಕಿತು. ಒಮ್ಮೆ ಬಾಯಿ ತೆರೆದು ಉಗುಳಿದ ಬೆಂಕಿಗೆ ಓಟ್ಮಾರ್‌ನ ಹುಬ್ಬು ಸೀದುಹೋಯಿತು. ಅವನು ಚಕ್ರ ಬಿಡಲಿಲ್ಲ. ಕೊನೆಗೆ ಅದು ನದಿಯ ಮೇಲೆ ಹಾರಿ ಕಣ್ಮರೆಯಾಯಿತು.

ಅವನು ಕೆಳಗಿಳಿದು ಒಳಗೆ ಬಂದ. ಎದೆ ಹಗುರಾಗಿತ್ತು.

“ಹೋಯಿತು ಗುರುಗಳೇ.”

ಗುರುಗಳು ಆರಿದ ಗಂಜಿಯ ಬಟ್ಟಲು ಹಿಡಿದು ಕೂತಿದ್ದರು.

“ಎಲ್ಲಿಗೆ?”

“ಎಲ್ಲಿಗೋ. ಹಾಳಾಗಿಹೋಗಲಿ, ನಮಗೇನು?”

ಗುರುಗಳು ಬಟ್ಟಲಿಗೆ ಮುಚ್ಚಳ ಹಾಕಿ ಪಕ್ಕಕ್ಕಿಟ್ಟರು.

ಆಮೇಲಿನ ದಿನಗಳಲ್ಲಿ ಓಟ್ಮಾರ್ ಬಿಸಿಲು ಏರುವವರೆಗೆ ಮಲಗಿದ. ಮಾಡಿನ ತೂತು ಮುಚ್ಚಿದ. ಮೀನು ಹಿಡಿದ. ಮೈ ತುಂಬಿಕೊಂಡಿತು. ಬದುಕು ಅಂದರೆ ಇದು, ಅಂದುಕೊಂಡ. ಅವನ ಖುಷಿಗೆ ನಾನು ಅಡ್ಡ ಮಾತಾಡುವುದಿಲ್ಲ, ಅಷ್ಟು ದುಡಿದವನಿಗೆ ಅಷ್ಟಾದರೂ ಬೇಡವಾ?

ಗುರುಗಳು ಮಾತ್ರ ಸಂಜೆಯಾದರೆ ಅಂಗಳಕ್ಕೆ ಹೋಗಿ ನದಿಯ ಕಡೆ ನೋಡುತ್ತಾ ನಿಲ್ಲುತ್ತಿದ್ದರು.

“ಒಳಗೆ ಬನ್ನಿ ಗುರುಗಳೇ. ಈಗಲಾದರೂ ಆರಾಮಾಗಿರಿ.”

“ಕಾಲು ಆರಾಮಾಗಿದೆ,” ಎನ್ನುತ್ತಿದ್ದರು.

ಮೀನು ಜಾಸ್ತಿ ಸಿಕ್ಕ ಒಂದು ದಿನ ಓಟ್ಮಾರ್ ತಂಗಿಯ ಮನೆಗೆ ಹೊರಟ. ಬರಿಬೆನ್ನಲ್ಲಿ ಆ ದಾರಿ ಹಿಡಿದು ಹೊರಟದ್ದು ಅದೇ ಮೊದಲು. ಮೀನಿನ ಗೊಂಚಲು ಆಡಿಸುತ್ತಾ ಹೋದ.

ಗೆರ್ಲಿಂಡ್‌ಳ ಮನೆಯ ಬಾಗಿಲು ಹಾಡಹಗಲೇ ಹಾಕಿತ್ತು. ತಟ್ಟಿದ. ತುಸು ತೆರೆದು ನೋಡಿ ಒಳಗೆ ಬಿಟ್ಟುಕೊಂಡು ಮತ್ತೆ ಅಗುಳಿ ಹಾಕಿದಳು.

ಮಕ್ಕಳು ರೊಟ್ಟಿ ತಿನ್ನುತ್ತಿದ್ದವು. ಕೆನ್ನೆ ತುಂಬಿಕೊಂಡಿದ್ದವು. ಓಟ್ಮಾರ್‌ಗೆ ಸಂತೋಷವಾಯಿತು. ಆಮೇಲೆ ಮೂಲೆಯಲ್ಲಿದ್ದ ಚೀಲ ನೋಡಿದ. ಗಂಟು ನೋಡಿದ. ಪಕ್ಕದ ಮನೆಯ ಬುರ್ಕಾರ್ಟ್ ಯಜಮಾನರ ಗಂಟು.

ಒಲೆಯ ಹಿಂದೆ ಮರದ ಬಟ್ಟಲಿತ್ತು.

“ಯಾವಾಗಿಂದ?” ಎಂದ.

“ನಿನಗ್ಯಾಕೆ?”

“ಗೆರ್ಲಿಂಡ್, ಅದು ಕದ್ದ ಗೋಧಿ ಕಣೇ.”

“ಗೊತ್ತು.”

“ಗೊತ್ತಿದ್ದೂ...”

“ಅಣ್ಣಾ, ಇಷ್ಟು ವರ್ಷ ಚೀಲ ಹೊತ್ತು ಇದೇ ಬಾಗಿಲ ಮುಂದೆ ಹೋದೆ. ಒಂದು ಹಿಡಿ ಇಲ್ಲಿ ಹಾಕಿದೆಯಾ?” ಅವಳ ದನಿ ಏರಲಿಲ್ಲ. “ನಿನಗೆ ಧರ್ಮ ಇತ್ತು. ನನಗೆ ಈ ಮಕ್ಕಳಿದ್ದವು.”

ಓಟ್ಮಾರ್ ಮೀನು ಅಲ್ಲೇ ಇಟ್ಟು ಹೊರಗೆ ಬಂದ. ಬುರ್ಕಾರ್ಟ್ ಯಜಮಾನರು ತಮ್ಮ ಅಂಗಳದಲ್ಲಿ ಕೂತು ಒಣಹುಲ್ಲಿನ ಸೂಡಿಗೆ, ಪಂಜು ಮಾಡಲು, ರಾಳ ಮೆತ್ತುತ್ತಿದ್ದರು. ಹಿಂದೆ ಕಣಜದ ಬಾಗಿಲು ತೆರೆದಿತ್ತು, ಒಳಗೆ ನೆಲ ಕಾಣುತ್ತಿತ್ತು.

“ಏನು ಮಾಡ್ತಿದ್ದೀರಿ ಯಜಮಾನ್ರೇ?”

“ನಮ್ಮೂರಿಗೆ ಡ್ರಾಕ್ ಬಂದಿದೆ. ಹೊಲಕ್ಕೆ ಹಾಕೋ ಬೀಜದ ಗೋಧಿಯೂ ಹೋಯ್ತು,” ಎಂದರು ಬುರ್ಕಾರ್ಟ್. “ಈ ಸಂಜೆ ಎಲ್ಲರೂ ಕಾದು ನೋಡ್ತೀವಿ. ಯಾವ ಹೊಗೆಗೂಡಿಗೆ ಇಳಿಯುತ್ತೋ ಆ ಮನೆಗೆ ಬೆಂಕಿ ಇಡೋದೇ.”

“ಒಳಗೆ ಜನ ಇರ್ತಾರಲ್ಲ?”

“ಇರ್ತಾರೆ,” ಎಂದರು ಬುರ್ಕಾರ್ಟ್, ತಲೆ ಎತ್ತದೆ.

ಗುರುಗಳನ್ನು ಕೇಳಲು ಓಟ್ಮಾರ್ ದೋಣಿಯ ಕಡೆ ಓಡಿದ. ಹೇಗೆ ನದಿ ದಾಟಿದನೋ, ಹೇಗೆ ಗುಡ್ಡ ಹತ್ತಿದನೋ. ಗುರುಗಳು ಅಂಗಳದಲ್ಲೇ ನಿಂತಿದ್ದರು.

“ಅದು ನನ್ನ ತಂಗಿ ಮನೆಗೆ ಹೋಗಿದೆ ಗುರುಗಳೇ. ಈ ಸಂಜೆ ಊರವರು ಆ ಮನೆಗೆ ಬೆಂಕಿ ಇಡ್ತಾರೆ.”

ಗುರುಗಳು ಕಣ್ಣು ಮುಚ್ಚಿದರು.

“ಈಗಲೇ ಚಕ್ರ ತೆಗೀತೀನಿ. ಇಲ್ಲಿಗೇ ವಾಪಸ್ ಬರಲಿ.”

“ಓಡಿಸಿದ ಮನೆಗೆ ಅದು ಮತ್ತೆ ಕಾಲಿಡಲ್ಲ.”

“ಹಾಗಾದ್ರೆ ಅವಳ ಹೊಗೆಗೂಡಿಗೂ ಚಕ್ರ ಇಡ್ತೀನಿ.”

“ಇಡು. ಆಮೇಲೆ ಯಾರ ಮನೆ?”

ಓಟ್ಮಾರ್ ಬಾಯಿ ತೆರೆದ. ಬುರ್ಕಾರ್ಟರ ಮನೆ, ಕುರಿಯವರ ಹಟ್ಟಿ, ಗಿರಣಿಯವರ ಮನೆ. ಗಂಟುಗಳೆಲ್ಲ ಒಂದೊಂದಾಗಿ ಕಣ್ಣ ಮುಂದೆ ಬಂದವು. ಎಲ್ಲ ಮನೆಯಲ್ಲೂ ಹೊಗೆಗೂಡಿತ್ತು.



“ಅದಕ್ಕೇ ಸಾಕಿಕೊಂಡಿದ್ರಾ ಗುರುಗಳೇ?” ಎಂದ ಕೊನೆಗೆ. “ಬೇರೆ ಮನೆ ಸೇರಬಾರದು ಅಂತ?”

“ನನ್ನ ಕೋಲು ಎಲ್ಲಿಟ್ಟೆ?” ಎಂದರು ಗುರುಗಳು.

“ಮುಂಚೆಯೇ ಹೇಳಬಾರದಿತ್ತಾ?”

“ಹೇಳಿದ್ದರೆ ಚೀಲ ಹಗುರಾಗ್ತಿತ್ತಾ? ನಡಿ, ದೋಣಿ ಹೋಗುತ್ತೆ.”

ಗುರುಗಳ ನಡಿಗೆಗೆ ದಾರಿ ಮುಗಿಯುವುದೇ ಇಲ್ಲ ಅನ್ನಿಸಿತು. ಓಟ್ಮಾರ್ ಅವರನ್ನು ಎತ್ತಿಕೊಳ್ಳಲು ನೋಡಿದ, ಅವರು ಕೈ ತಳ್ಳಿದರು. ಊರು ಸೇರಿದಾಗ ಹೊತ್ತು ಇಳಿಯುತ್ತಿತ್ತು. ಬೀದಿಯಲ್ಲಿ ಗಂಡಸರು ಸೂಡಿ ಹಿಡಿದು ಅಲ್ಲೊಬ್ಬ ಇಲ್ಲೊಬ್ಬ ನಿಂತು ಆಕಾಶ ನೋಡುತ್ತಿದ್ದರು.

ಗೆರ್ಲಿಂಡ್ ಒಳಗೆ ಗಂಜಿ ಆರಿಸುತ್ತಿದ್ದಳು. ಓಟ್ಮಾರ್ ನೇರ ಚೀಲಕ್ಕೆ ಕೈ ಹಾಕಿದ.

“ಮುಟ್ಟಬೇಡ,” ಎಂದಳು.

“ಹೊರಗೆ ಬೆಂಕಿ ಹಿಡಿದು ನಿಂತಿದ್ದಾರೆ ಕಣೇ.”

“ನಿಲ್ಲಲಿ. ಅವರು ಉಣ್ಣುವಾಗ ನಾವು ನೋಡಲಿಲ್ವಾ? ಈಗ ಅವರು ನೋಡಲಿ.”

“ಮಕ್ಕಳನ್ನಾದರೂ...”

“ಎಲ್ಲಿಗೆ ಕರ್ಕೊಂಡು ಹೋಗಲಿ? ನಿನ್ನ ಗುಡ್ಡಕ್ಕಾ?”

ಓಟ್ಮಾರ್ ಗುರುಗಳ ಮುಖ ನೋಡಿದ. ಈಗಲಾದರೂ ಏನಾದರೂ ಹೇಳುತ್ತಾರೆ, ಇಷ್ಟು ವರ್ಷ ಹೇಳದೇ ಇಟ್ಟುಕೊಂಡದ್ದನ್ನು ಹೇಳುತ್ತಾರೆ ಅಂದುಕೊಂಡ.

ಗುರುಗಳು ಗೆರ್ಲಿಂಡ್‌ಳ ಪಕ್ಕ ನೆಲದ ಮೇಲೆ ಕೂತರು. ಕೂರುವಾಗ ಮಂಡಿ ಲಟಕ್ ಅಂದಿತು.

“ಸೌಟು ಇಲ್ಲಿ ಕೊಡಮ್ಮ. ನಿನ್ನ ಕೈ ನೋಯ್ತಿರಬೇಕು.”

ಗೆರ್ಲಿಂಡ್ ಅವರನ್ನು ನೋಡಿದಳು. ಸೌಟು ಕೊಡಲಿಲ್ಲ.

“ಇದು ಬಂದಾಗಿಂದ ನಿದ್ದೆ ಮಾಡಿದ್ದೀಯಾ?” ಎಂದು ಕೇಳಿದರು.

ಗೆರ್ಲಿಂಡ್ ಮಕ್ಕಳ ಕಡೆ ನೋಡಿದಳು. “ಅದು ಮಕ್ಕಳ ಪಕ್ಕದಲ್ಲೇ ಕೂರುತ್ತೆ. ಬೆಂಕಿ ಬಿಟ್ಟುಕೊಂಡು ಉಸಿರಾಡುತ್ತೆ. ನಾನು ಹೇಗೆ ನಿದ್ದೆ ಮಾಡಲಿ?”

“ಮಾಡೋಕಾಗಲ್ಲ,” ಎಂದರು ಗುರುಗಳು. “ನಾನೂ ಮೊದಮೊದಲು ಮಾಡಲಿಲ್ಲ.”

ಗೆರ್ಲಿಂಡ್ ಸೌಟು ಕೊಟ್ಟಳು. ಕೊಟ್ಟವಳು ಗೋಡೆಗೆ ಒರಗಿ ಮುಖ ಮುಚ್ಚಿಕೊಂಡು ಅತ್ತಳು. ಮಕ್ಕಳು ಹೋಗಿ ಅವಳ ಸೆರಗು ಹಿಡಿದುಕೊಂಡವು.

ಗುರುಗಳು ಗಂಜಿ ತಿರುವುತ್ತಾ ಓಟ್ಮಾರ್‌ನ ಕಡೆ ನೋಡಿದರು. “ಚೀಲ ಎತ್ತು.”

ಓಟ್ಮಾರ್ ಚೀಲ ಹೆಗಲಿಗೆ ಏರಿಸಿದ. ಈ ಸಲ ಅದರ ಕಿವಿ ಹಿಡಿಯಲು ಯಾರೂ ಬರಲಿಲ್ಲ. ಅಗುಳಿ ತೆಗೆದ. ಬಾಗಿಲನ್ನು ಹಾಗೇ ತೆರೆದಿಟ್ಟು, ಎಲ್ಲರಿಗೂ ಕಾಣುವಂತೆ ಬೀದಿಗೆ ಇಳಿದ. ಬುರ್ಕಾರ್ಟರ ಅಂಗಳಕ್ಕೆ ಹೋಗಿ ಇಳಿಸಿದ.

“ನಿಮ್ಮ ಗೋಧಿ ಬಂದುಬಿಟ್ಟಿತ್ತು ಯಜಮಾನ್ರೇ.”

ಸೂಡಿ ಹಿಡಿದವರೆಲ್ಲ ಹತ್ತಿರ ಬಂದರು. ಬುರ್ಕಾರ್ಟ್ ಗಂಟು ಮುಟ್ಟಿ ನೋಡಿದರು. ಚೀಲ ಎತ್ತಿ ನೋಡಿದರು.

“ಕಮ್ಮಿ ಇದೆ.”

“ಮಕ್ಕಳು ಉಂಡಿದ್ದಾರೆ. ಉಂಡದ್ದಕ್ಕೆ ನಾನು ನಿಮ್ಮ ಕಣದಲ್ಲಿ ದುಡೀತೀನಿ.”

“ನಿನ್ನ ತಂಗಿ ಮನೇಲಾ ಅದು ಇರೋದು?”

“ಹೌದು.”

“ಅವಳು ಕರೆಸಿಕೊಂಡಳಾ?”

“ಇಲ್ಲ. ನಾನು ನಮ್ಮ ಹೊಗೆಗೂಡಿಂದ ಓಡಿಸಿದೆ. ಅದಕ್ಕೇ ಇಲ್ಲಿಗೆ ಬಂತು. ಹೊಡೆಯೋದಿದ್ದರೆ ನನಗೆ ಹೊಡೀರಿ.”

ಯಾರೂ ಹೊಡೆಯಲಿಲ್ಲ. ಅಷ್ಟರಲ್ಲಿ ಎಲ್ಲರ ತಲೆ ಮೇಲೆ ಬೆಳಕಾಯಿತು. ಬೆಂಕಿ ಬೀದಿಯುದ್ದಕ್ಕೂ ಹಾರಿಬಂದು, ಅವರ ಕಣ್ಣೆದುರಿಗೇ ಗೆರ್ಲಿಂಡ್‌ಳ ಹೊಗೆಗೂಡಿಗೆ ಇಳಿಯಿತು. ಒಳಗೆ ಧೊಪ್ಪನೆ ಸದ್ದಾಯಿತು. ತೆರೆದ ಬಾಗಿಲಲ್ಲಿ ಎಲ್ಲರಿಗೂ ಕಂಡಿತು, ಗುರುಗಳು ಬಟ್ಟಲು ಮುಂದಿಡುವುದು, ಕಪ್ಪು ಕೋಳಿಯಂಥದ್ದು ಬಗ್ಗಿ ತಿನ್ನುವುದು.

“ಇನ್ನೇನು ಕಾಯೋದು, ಬೆಂಕಿ ಇಡಿ,” ಎಂದ ಹಿಂದಿನಿಂದ ಒಬ್ಬ. “ಮನೆ ಸುಟ್ಟರೆ ಅದು ಹೋಗುತ್ತೆ.”

“ಎಲ್ಲಿಗೆ?” ಎಂದ ಓಟ್ಮಾರ್.

ಆ ಮಾತಿಗೆ ಅವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಆಮೇಲೆ ಕೆಲವರು ತಮ್ಮ ತಮ್ಮ ಮಾಡಿನ ಕಡೆಯೂ ನೋಡಿದರು.

ಓಟ್ಮಾರ್ ಮನೆಯೊಳಗೆ ಹೋಗಿ ಹೊಸ ಚೀಲ ಹೊತ್ತು ಬಂದ. ಬೆಳಕಿಗೆ ಗಂಟು ಹಿಡಿದು ನೋಡಿದ. “ಇದು ಗಿರಣಿಯವರದು. ಈಗಲೇ ಕೊಟ್ಟು ಬರ್ತೀನಿ.”

“ನಾಳೆ?” ಎಂದರು ಬುರ್ಕಾರ್ಟ್.

“ನಾಳೆ ಬಂದದ್ದು ನಾಳೆ.”

ಬುರ್ಕಾರ್ಟ್ ಸೂಡಿಯನ್ನು ಬೇಲಿಗೆ ಒರಗಿಸಿದರು. ಎಸೆಯಲಿಲ್ಲ, ಒರಗಿಸಿದರು, ಬೇಕಾದರೆ ಮತ್ತೆ ಕೈಗೆ ಸಿಗುವ ಹಾಗೆ. ಅವರ ಹೆಂಡತಿ ಒಳಗಿನಿಂದ ಬೊಗಸೆ ತುಂಬ ಬರಗು ತಂದಳು. ಓಟ್ಮಾರ್‌ಗೆ ಕೊಡಲಿಲ್ಲ. ಬೀದಿ ದಾಟಿ ಗೆರ್ಲಿಂಡ್‌ಳ ಮನೆಗೇ ಹೋಗಿ, ಅಳುತ್ತಿದ್ದವಳ ಮಡಿಲಿಗೆ ಹಾಕಿ ಬಂದಳು.

ಗುರುಗಳು ಹೊರಗೆ ಬಂದರು. ಗಿರಣಿ ಊರಾಚೆ. ಓಟ್ಮಾರ್ ಚೀಲ ಹೊತ್ತು ಮುಂದೆ, ಗುರುಗಳು ಕೋಲೂರಿಕೊಂಡು ಹಿಂದೆ. ಊರ ಕೊನೆಯ ಮನೆ ದಾಟುವಷ್ಟರಲ್ಲಿ ಹಿಂದಿನ ಹೆಜ್ಜೆಯ ಸದ್ದು ನಿಂತಿತು.

ಗುರುಗಳು ದಾರಿಯ ಪಕ್ಕ ಒಂದು ಕಲ್ಲಿನ ಮೇಲೆ ಕೂತಿದ್ದರು.

“ಸುಸ್ತಾಯ್ತಾ ಗುರುಗಳೇ? ಸ್ವಲ್ಪ ಕೂತು ಹೋಗೋಣ.”

“ನೀನು ನಡಿ. ಇಳಿಸಿದರೆ ಮತ್ತೆ ಎತ್ತೋದು ಕಷ್ಟ.”

ಓಟ್ಮಾರ್ ನಡೆಯಲಿಲ್ಲ. ಚೀಲ ಹೆಗಲನ್ನು ಒತ್ತುತ್ತಿತ್ತು. ನಾಳೆಯ ಚೀಲ, ನಾಡಿದ್ದಿನ ಚೀಲ, ಅದರಾಚೆಯ ಚೀಲಗಳೆಲ್ಲ ಈಗಲೇ ಹೆಗಲ ಮೇಲೆ ಕೂತಂತೆ ಅವನಿಗೆ ಅನ್ನಿಸಿತು.

“ಗುರುಗಳೇ, ಇದು ಮುಗಿಯೋದು ಯಾವಾಗ?”

ಗುರುಗಳು ಕಾಲಿನ ಜೋಡು ಬಿಚ್ಚಿ ಪಕ್ಕಕ್ಕಿಟ್ಟರು. ಎರಡೂ ಕಾಲು ಹುಲ್ಲಿನ ಮೇಲೆ ನೀಡಿಕೊಂಡರು.

“ನನ್ನದು ಈಗ ಮುಗೀತು ನೋಡು.”